ನೀರು ಸರಿಯಾಗಿ ಬರುವವರೆಗೂ ಪಂಚಾಯ್ತಿ ಕಂದಾಯ ಕಟ್ಟಲ್ಲ ಅನ್ನೋದು ಸರೀನಾ?

ಬಯಲುಸೀಮೆ_ಹುಡುಗ
ಎಲ್ಲರಿಗೂ ನಮಸ್ಕಾರ. ನಮ್ಮದು ತುಮಕೂರು ಜಿಲ್ಲೆಯ ಒಂದು ಸಣ್ಣ ಹಳ್ಳಿ. ಊರಾಚೆ ಹೊಸದಾಗಿ ಎದ್ದ ಬೀದಿಯಲ್ಲಿ ನಮ್ಮ ಮನೆ. ನಲ್ಲಿ ಹಾಕಿದ್ದಾರೆ, ನೀರು ಬರುವುದು ಅದಕ್ಕೆ ಮನಸ್ಸಾದಾಗ. ಕಂಬ ಇದೆ, ಬಲ್ಬು ಇಲ್ಲ. ಚರಂಡಿ ನಮ್ಮ ಗೇಟಿನ ತನಕ ಬಂದು ಅಲ್ಲೇ ನಿಂತಿದೆ. ಮೊನ್ನೆ ಬಿಲ್ ಕಲೆಕ್ಟರ್ ಬಂದಾಗ ಬೀದಿಯವರೆಲ್ಲ ಸೇರಿ "ಮೊದಲು ನೀರು, ಆಮೇಲೆ ಕಂದಾಯ" ಅಂತ ಹೇಳಿ ವಾಪಸು ಕಳಿಸಿದರು. ನಮ್ಮಪ್ಪ ಒಬ್ಬರೇ ಒಳಗಿಂದ ದುಡ್ಡು ತಂದು ಕೊಟ್ಟು ರಸೀದಿ ಹರಿಸಿಕೊಂಡರು. ಈಗ ಇಡೀ ಬೀದಿಗೆ ಅಪ್ಪನೇ ವಿಲನ್.

ಅಪ್ಪನ ವಾದ: ಕಂದಾಯ ಕಟ್ಟದವನಿಗೆ ಗ್ರಾಮಸಭೆಯಲ್ಲಿ ಎದ್ದು ಕೇಳುವ ಮುಖ ಇರಲ್ಲ. ಪಕ್ಕದ ಮನೆ ಮಾವನ ವಾದ: ಕೆಲಸ ಮಾಡದವನಿಗೆ ದುಡ್ಡು ಕೇಳುವ ಹಕ್ಕಿಲ್ಲ. ನನಗೆ ಇಬ್ಬರೂ ಸರಿ ಅನ್ನಿಸುತ್ತಿದೆ. ನೀವೇನಂತೀರಿ?

ನಿದ್ದೆಗೇಡಿ
ಕಟ್ಟಬೇಡಿ ಗುರು. ಕಟ್ಟಿದವರಿಗೆ ಏನು ಕಿರೀಟ ಇಟ್ಟಿದ್ದಾರೆ?

ಹಳೇ_ಪಿಡಿಒ
ಪಂಚಾಯ್ತಿ ಕಾರ್ಯದರ್ಶಿಯಾಗಿ ಸೇರಿ ಪಿಡಿಒ, ಅಂದರೆ ಪಂಚಾಯ್ತಿ ಅಭಿವೃದ್ಧಿ ಅಧಿಕಾರಿ ಆಗಿ ನಿವೃತ್ತನಾದವನು ನಾನು. ಸ್ವಲ್ಪ ಒಳಗಿನ ಕಥೆ ಹೇಳುತ್ತೇನೆ, ಬೈಯುವುದಾದರೆ ಆಮೇಲೆ ಬೈಯಿರಿ.

ಪಂಚಾಯ್ತಿಗೆ ಮೇಲಿಂದ ಬರುವ ದುಡ್ಡು ಬೇಕಾದಂತೆ ಖರ್ಚು ಮಾಡುವ ದುಡ್ಡಲ್ಲ. 15ನೇ ಹಣಕಾಸು ಆಯೋಗದ ಅನುದಾನದಲ್ಲಿ ನೂರಕ್ಕೆ 60 ರೂಪಾಯಿ ಕುಡಿಯುವ ನೀರು ಮತ್ತು ನೈರ್ಮಲ್ಯಕ್ಕೇ ಮೀಸಲಾಗಿತ್ತು. ಉಳಿದ 40ರಲ್ಲೂ ಸಂಬಳ ಕೊಡುವಂತಿರಲಿಲ್ಲ. ಕ್ರಿಯಾಯೋಜನೆ ಮಾಡಬೇಕು, ಅನುಮೋದನೆ ಆಗಬೇಕು, ಬಿಲ್ಲು ಆನ್‌ಲೈನ್‌ನಲ್ಲಿ ಹೋಗಬೇಕು. ಆದರೆ ಬೋರ್‌ವೆಲ್ ಮೋಟರ್ ಸುಟ್ಟರೆ ಅದಕ್ಕೆ ಕ್ರಿಯಾಯೋಜನೆ ಗೊತ್ತಾಗಲ್ಲ. ಇವತ್ತು ಮೋಟರ್ ಎತ್ತಿಸಬೇಕು, ನಾಳೆಗೆ ರಿವೈಂಡಿಂಗ್ ಆಗಬೇಕು, ಅಂಗಡಿಯವನು ಕೈಯಲ್ಲಿ ದುಡ್ಡು ಕೇಳುತ್ತಾನೆ. ಆಗ ಕೈಗೆ ಬರುವುದು ಸ್ವಂತ ಸಂಪನ್ಮೂಲ ಒಂದೇ. ಅಂದರೆ ನಿಮ್ಮ ಮನೆ ಕಂದಾಯ, ನೀರಿನ ಕರ, ಅಂಗಡಿ ಲೈಸೆನ್ಸು, ಸಂತೆ ಸುಂಕ. ಕಸದ ಗಾಡಿಗೆ ಡೀಸೆಲ್ ಹಾಕುವುದೂ ಅದರಲ್ಲೇ.

ನಿಮ್ಮ ರಸೀದಿ ತೆಗೆದು ನೋಡಿ. ಕಂದಾಯದ ಕೆಳಗೆ ಗ್ರಂಥಾಲಯ ಕರ, ಭಿಕ್ಷುಕರ ಕರ, ಆರೋಗ್ಯ ಕರ ಅಂತ ಇರುತ್ತದೆ. ಅವು ಪಂಚಾಯ್ತಿಯಲ್ಲಿ ಉಳಿಯುವ ದುಡ್ಡಲ್ಲ, ಆಯಾ ಇಲಾಖೆಗೆ ಕಟ್ಟಬೇಕು. ನೀವು ಕಂದಾಯ ನಿಲ್ಲಿಸಿದರೆ ಬೆಂಗಳೂರಲ್ಲಿ ಕೂತವರಿಗೆ ಬಿಸಿ ಮುಟ್ಟಲ್ಲ. ಮೊದಲ ಏಟು ಬೀಳುವುದು ನಿಮ್ಮದೇ ಬೋರ್‌ವೆಲ್ ರಿಪೇರಿಗೆ. ನಿಮ್ಮ ತಂದೆಯವರ ಮಾತಿನಲ್ಲಿ ತೂಕ ಇದೆ.

ನಿದ್ದೆಗೇಡಿ
@ಹಳೇ_ಪಿಡಿಒ ಸಾರ್, ಕಟ್ಟಿದಾಗಲೂ ರಿಪೇರಿ ಆಗಿರಲಿಲ್ಲವಲ್ಲ. ಅದಕ್ಕೇನು ಹೇಳ್ತೀರಿ?

ಹಳೇ_ಪಿಡಿಒ
ಅದಕ್ಕೆ ಉತ್ತರ ಲೆಕ್ಕ ಕೇಳುವುದು. ವರ್ಷಕ್ಕೊಂದು ಸಲ ಜಮಾಬಂದಿ ಅಂತ ಮಾಡಲೇಬೇಕು. ಯಾವ ಕೆಲಸಕ್ಕೆ ಎಷ್ಟು ಹೋಯಿತು ಅಂತ ಜನರ ಮುಂದೆ ಓದಿ ಹೇಳಬೇಕು, ಕೆಲಸ ಆದ ಜಾಗ ತೋರಿಸಬೇಕು. ನನ್ನ ಸರ್ವೀಸಿನಲ್ಲಿ ಜಮಾಬಂದಿಗೆ ಬಂದವರಿಗಿಂತ ಕೊನೆಯ ಕಾಫಿ-ಬೋಂಡಾಕ್ಕೆ ಬಂದವರೇ ಜಾಸ್ತಿ. ಬೋಂಡಾದ ಖರ್ಚನ್ನೂ ಯಾರೂ ಕೇಳಲಿಲ್ಲ.

ಐಟಿ_ಕೂಲಿ
ನಾನು ನೇರವಾಗಿ ಹೇಳುತ್ತೇನೆ, ಬೇಜಾರಾದರೆ ಆಗಲಿ. ಸಂಬಳ ಕೈಗೆ ಬರುವ ಮೊದಲೇ ಟಿಡಿಎಸ್ ಹೋಗಿರುತ್ತದೆ. ನನಗೆ ಕಟ್ಟಲ್ಲ ಅನ್ನುವ ಆಯ್ಕೆಯೇ ಇಲ್ಲ. 2024ರ ಜುಲೈ ಕೊನೆಗೆ ದೇಶದಲ್ಲಿ ಆದಾಯ ತೆರಿಗೆ ರಿಟರ್ನ್ ಹಾಕಿದವರು 7.28 ಕೋಟಿ, ಅದರಲ್ಲೂ ಎಷ್ಟೋ ಜನರದು ಸೊನ್ನೆ ತೆರಿಗೆ. ಓಟಿನ ಹಕ್ಕಿರುವವರು 96 ಕೋಟಿ ಚಿಲ್ಲರೆ. ಕಟ್ಟುವವರು ನಾವು, ಹಂಚುವುದನ್ನು ತೀರ್ಮಾನ ಮಾಡುವವರು ಬೇರೆ. ಫ್ರೀ ಬಸ್ಸು, ಫ್ರೀ ಕರೆಂಟು, ತಿಂಗಳಿಗೆ 2,000. ನನ್ನ ಪ್ರಕಾರ ತೆರಿಗೆ ಕಟ್ಟುವವರಿಗೆ ಮಾತ್ರ ಓಟು ಇರಬೇಕು. ಆಗ ನೋಡಿ ಹೇಗೆ ರಸ್ತೆ ಆಗುತ್ತದೆ ಅಂತ.

ಟೀಚರಮ್ಮ
ನಮ್ಮೂರಿನವರು ಸೋಪು ಕೊಳ್ಳಲ್ವಾ? ಪೆಟ್ರೋಲ್ ಹಾಕಿಸಲ್ವಾ?

ಕಿರಾಣಿ_ಅಂಗಡಿ
ಅದೇ ಹೇಳಬೇಕು ಅಂತಿದ್ದೆ ಅಕ್ಕ. ಸೋಪು, ಪೇಸ್ಟು, ತಲೆಗೆ ಹಚ್ಚುವ ಎಣ್ಣೆ, ಇವಕ್ಕೆಲ್ಲ 2025ರ ಸೆಪ್ಟೆಂಬರ್ 22ರವರೆಗೆ 18% ಜಿಎಸ್‌ಟಿ ಇತ್ತು, ಆಮೇಲೆ 5% ಆಯಿತು. ಕೂಲಿ ಮಾಡುವ ಹೆಂಗಸು ನನ್ನ ಅಂಗಡಿಯಲ್ಲಿ ಸಣ್ಣ ಸೋಪು ತಗೊಂಡರೂ ಅಷ್ಟೇ ಪರ್ಸೆಂಟು, ಐಟಿಯವರು ತಗೊಂಡರೂ ಅಷ್ಟೇ. ಪೆಟ್ರೋಲ್ ಮೇಲೆ ರಾಜ್ಯದ ಮಾರಾಟ ತೆರಿಗೆ 2024ರ ಜೂನ್‌ನಲ್ಲಿ 25.92ರಿಂದ 29.84ಕ್ಕೆ ಹೋಯಿತು. ಸಾಲದ ಮೇಲೆ ಲೂನಾ ಓಡಿಸುವವನೂ ಅದನ್ನು ಕೊಟ್ಟೇ ಓಡಿಸುತ್ತಾನೆ. ತೆರಿಗೆ ಕಟ್ಟದ ಮನುಷ್ಯ ಈ ರಾಜ್ಯದಲ್ಲಿ ಯಾರಿದ್ದಾರೆ, ತೋರಿಸಿ.

ಐಟಿ_ಕೂಲಿ
ಪರೋಕ್ಷ ತೆರಿಗೆ ನಾನೂ ಕಟ್ಟುತ್ತೇನೆ ಸ್ವಾಮಿ. ಅದರ ಮೇಲೆ ನೇರ ತೆರಿಗೆ. ಎರಡೂ ಒಂದೇ ಅಲ್ಲ.

ಲೆಕ್ಕದ_ಮೇಷ್ಟ್ರು
ಐಟಿ_ಕೂಲಿ ಅವರು ಹೇಳುವ ಏರ್ಪಾಡು ಹೊಸದೇನಲ್ಲ, ನಮ್ಮಲ್ಲೇ ಇತ್ತು. 1881ರಲ್ಲಿ ದಿವಾನ್ ರಂಗಾಚಾರ್ಲು ಮೈಸೂರು ಪ್ರಜಾಪ್ರತಿನಿಧಿ ಸಭೆ ಶುರು ಮಾಡಿದಾಗ ಅಲ್ಲಿ ಕೂತ 144 ಜನ ಯಾರು? ಜಮೀನುದಾರರು, ವರ್ತಕರು. ಮುಂದೆ ಆಯ್ಕೆ ಬಂದಾಗಲೂ ಇಷ್ಟು ಕಂದಾಯ ಕಟ್ಟುವವನಿಗೆ ಮಾತ್ರ ಓಟು ಅಂತ ಇತ್ತು. ಬ್ರಿಟಿಷರ ಪ್ರಾಂತ್ಯಗಳಲ್ಲೂ ಅದೇ. 1935ರ ಕಾಯ್ದೆಯಲ್ಲಿ ಆಸ್ತಿ, ತೆರಿಗೆ, ಓದು ನೋಡಿ ಓಟು. 1937ರ ಚುನಾವಣೆಯಲ್ಲಿ ಸುಮಾರು 3 ಕೋಟಿ ಮತದಾರರು. 1951-52ಕ್ಕೆ ಅದು 17 ಕೋಟಿ ದಾಟಿತು.

ನೀವು ಹೇಳುವ ಪ್ರಕಾರ ಆ ಕಾಲದಲ್ಲಿ ರಸ್ತೆಗಳು ಚಿನ್ನದ್ದಾಗಿರಬೇಕಿತ್ತು. ಓಟಿದ್ದವರ ಬಂಗಲೆ ಮುಂದೆ ಆಗಿದ್ದಿರಬಹುದು. ಓಟಿಲ್ಲದವರ ಕೇರಿಗೆ ಶಾಲೆ ಎಷ್ಟು ಬಂತು? ಅದನ್ನು ಕೇಳಿಕೊಳ್ಳಿ. ದುಡ್ಡು ಎಲ್ಲಿಗೆ ಹೋಗಬೇಕು ಅಂತ ಹೇಳುವ ಬಾಯಿ ಯಾರಿಗಿರುತ್ತದೋ ದುಡ್ಡು ಅಲ್ಲಿಗೇ ಹೋಗುತ್ತದೆ.

ಮಲ್ನಾಡ್_ಅಡಿಕೆ
ಕಂದಾಯ ಕಟ್ಟಲ್ಲ ಅನ್ನುವುದನ್ನು ಯಾರೂ ಇಲ್ಲಿ ಹಗುರವಾಗಿ ತಗೋಬಾರದು. ನಮ್ಮ ಕಡೆ ಅದಕ್ಕೆ ದೊಡ್ಡ ಚರಿತ್ರೆಯೇ ಇದೆ. 1830-31ರ ನಗರ ದಂಗೆ ಶುರುವಾಗಿದ್ದೇ ರೈತರು ಕೂಟ ಕಟ್ಟಿಕೊಂಡು ಕಂದಾಯ ಕೊಡಲ್ಲ ಅಂದಿದ್ದರಿಂದ. ಅದನ್ನೇ ನೆಪ ಮಾಡಿಕೊಂಡು 1831ರಲ್ಲಿ ಕಂಪನಿಯವರು ಮೈಸೂರಿನ ಆಡಳಿತವನ್ನೇ ಕಿತ್ತುಕೊಂಡರು. ಅಂಕೋಲಾ, ಸಿದ್ದಾಪುರದ ಕರನಿರಾಕರಣೆ ಗೊತ್ತಲ್ಲ, ಗಾಂಧೀಜಿ ಚಳವಳಿಯ ಕಾಲದ್ದು. ಜಮೀನು ಹರಾಜಾಯಿತು, ದನ-ಪಾತ್ರೆ ಜಪ್ತಿ ಆಯಿತು, ಆದರೂ ಕಟ್ಟಲಿಲ್ಲ. ಈಸೂರಿನವರು 1942ರಲ್ಲಿ ಸರ್ಕಾರಕ್ಕೆ ಕಂದಾಯ ಇಲ್ಲ ಅಂದಿದ್ದೂ ಅಲ್ಲದೆ ಹುಡುಗರನ್ನೇ ಅಮಲ್ದಾರ, ಇನ್ಸ್‌ಪೆಕ್ಟರ್ ಮಾಡಿ ಕೂರಿಸಿದರು. ಕೊನೆಗೆ ಐದು ಜನ ನೇಣಿಗೆ ಹೋದರು.

ಆದ್ದರಿಂದ ಆ ಬೀದಿಯವರನ್ನು ಸುಮ್ನೆ ಕಳ್ಳರು ಅನ್ನಬೇಡಿ. ಕೊಡಲ್ಲ ಅನ್ನುವುದೂ ಮಾತಾಡುವ ಒಂದು ರೀತಿಯೇ.

ಧಾರವಾಡ_ಫೇಡಾ
ಹೌದ್ರೀ, ನಮ್ಮ ಹಿರೇಕೆರೂರಿನವರನ್ನು ಬಿಟ್ಟರಲ್ಲ! ಅವರೂ ಕರನಿರಾಕರಣೆಯಲ್ಲಿ ಇದ್ದರು.

ಇರಲಿ, ಒಂದು ಮಾತು. ಈಸೂರಿನವರಿಗೆ ಓಟಿತ್ತಾ? ಅಮಲ್ದಾರನನ್ನು ಬದಲಾಯಿಸುವ ದಾರಿ ಇತ್ತಾ? ಇರಲಿಲ್ಲ. ಯಾರನ್ನೂ ಕೇಳದೆ ಹಾಕಿದ ಕಂದಾಯ ಅದು. ಈಗ ಸಂವಿಧಾನದ 265ನೇ ವಿಧಿ ಪ್ರಕಾರ ಕಾನೂನಿಲ್ಲದೆ ಒಂದು ಪೈಸೆ ತೆರಿಗೆ ಹಾಕುವಂತಿಲ್ಲ, ಕಾನೂನು ಮಾಡುವವರನ್ನು ಕಳಿಸುವವರು ನಾವು. ಪಂಚಾಯ್ತಿ ಮೆಂಬರ್ ನಿಮ್ಮ ಬೀದಿಯವನೇ ಇರುತ್ತಾನೆ. ಅವನನ್ನು ಮುಂದಿನ ಸಲ ಮನೆಗೆ ಕಳಿಸಬಹುದು. ಆ ದಾರಿ ಇರುವಾಗ ಅಂಕೋಲಾ ಹೆಸರು ಹೇಳಿಕೊಂಡು 600 ರೂಪಾಯಿ ಕಂದಾಯ ಉಳಿಸುವುದು ಏನು ಚಂದ?

ಜಯನಗರ_ನಾಲ್ಕನೇ_ಬ್ಲಾಕ್
ಆ ದಾರಿ ಇರುವಾಗ ಅಂದರಲ್ಲ, ನಮ್ಮ ಬೆಂಗಳೂರಿನ ಕಥೆ ಕೇಳಿ. ಕೊನೆಯ ಬಿಬಿಎಂಪಿ ಚುನಾವಣೆ ಆಗಿದ್ದು 2015ರಲ್ಲಿ. 198 ಕಾರ್ಪೊರೇಟರ್‌ಗಳ ಅವಧಿ ಮುಗಿದಿದ್ದು 2020ರ ಸೆಪ್ಟೆಂಬರ್‌ನಲ್ಲಿ. ಆಮೇಲೆ ವಾರ್ಡು 243 ಅಂದರು, 225 ಅಂದರು, ಮೀಸಲಾತಿ ಪಟ್ಟಿ ಅಂದರು, ಕೋರ್ಟು ಅಂದರು, ಕೊನೆಗೆ 2025ರ ಸೆಪ್ಟೆಂಬರ್‌ನಲ್ಲಿ ಒಂದು ಪಾಲಿಕೆಯನ್ನು ಐದು ಮಾಡಿದರು. ಐದು ವರ್ಷ ಪೂರ್ತಿ ಅಧಿಕಾರಿಗಳದ್ದೇ ರಾಜ್ಯ.

ಆಸ್ತಿ ತೆರಿಗೆ ಮಾತ್ರ ಒಂದು ವರ್ಷವೂ ನಿಲ್ಲಲಿಲ್ಲ. 2024-25ರಲ್ಲಿ 4,900 ಕೋಟಿ ಹತ್ತಿರ ಬಂತು. ಏಪ್ರಿಲ್‌ನಲ್ಲಿ ಕಟ್ಟಿದರೆ 5% ಬಿಡಿ, ಕಟ್ಟದಿದ್ದರೆ ಬಡ್ಡಿ. ಇಷ್ಟು ದುಡ್ಡಿನ ಬಜೆಟ್‌ಗೆ ನಾವು ಆರಿಸಿದ ಒಬ್ಬನೂ ಕೈ ಎತ್ತಲಿಲ್ಲ. ನಮ್ಮ ರಸ್ತೆಯ ಗುಂಡಿಗೆ ಯಾರನ್ನು ಬೈಯಬೇಕು ಅಂತ ಗೊತ್ತಿಲ್ಲದೆ ಟ್ವಿಟರ್‌ನಲ್ಲಿ ಎಲ್ಲರನ್ನೂ ಬೈದೆವು. ಹಳ್ಳಿಯವರಿಗೆ ಕನಿಷ್ಠ ಮೆಂಬರ್ ಮನೆ ಬಾಗಿಲು ಗೊತ್ತು.

ಬಯಲುಸೀಮೆ_ಹುಡುಗ
ಜಿಲ್ಲಾ ಪಂಚಾಯ್ತಿ, ತಾಲೂಕು ಪಂಚಾಯ್ತಿದೂ ಅದೇ ಕಥೆ ಅಲ್ವಾ? 2021ರಲ್ಲಿ ಅವಧಿ ಮುಗಿದ ಮೇಲೆ ಚುನಾವಣೆಗೆ ವರ್ಷಗಟ್ಟಲೆ ದಿಕ್ಕಿಲ್ಲ.

ಉಡುಪಿ_ಟು_ದಮ್ಮಾಮ್
ಇಲ್ಲಿ ಸೌದಿಯಲ್ಲಿ ಕೂತು ಓದುತ್ತಿದ್ದೇನೆ. ಸಂಬಳಕ್ಕೆ ತೆರಿಗೆ ಇಲ್ಲ ಅಂತ ಊರಿನಲ್ಲಿ ಎಲ್ಲರೂ ಹೊಟ್ಟೆ ಉರಿದುಕೊಳ್ಳುತ್ತಾರೆ. ಇನ್ನೊಂದು ಮುಖವನ್ನೂ ಕೇಳಿ. ಇಲ್ಲಿ ಸರ್ಕಾರ ನಡೆಯುವುದು ಎಣ್ಣೆ ದುಡ್ಡಿನಲ್ಲಿ, ಜನರ ಜೇಬಿಗೆ ಅದು ಹೆಚ್ಚು ಕೈ ಹಾಕಬೇಕಿರಲಿಲ್ಲ. ಜೇಬಿಗೆ ಕೈ ಹಾಕದಿದ್ದರೆ ಜನರನ್ನು ಕೇಳಬೇಕಾಗಿಯೂ ಇಲ್ಲ. 2018ರಲ್ಲಿ 5% ವ್ಯಾಟ್ ಬಂತು, 2020ರ ಜುಲೈಗೆ ಒಂದೇ ಏಟಿಗೆ 15% ಆಯಿತು. ಯಾವ ಸಂಸತ್ತಿನಲ್ಲಿ ಚರ್ಚೆ? ಯಾರು ವಾಕೌಟ್ ಮಾಡಿದರು? ಬೆಳಿಗ್ಗೆ ಎದ್ದರೆ ಸುದ್ದಿ, ಅಷ್ಟೇ.

ನಮ್ಮಂಥ ಪರದೇಶಿಗಳಿಗಂತೂ 2017ರಿಂದ ಫ್ಯಾಮಿಲಿ ಫೀ. ಹೆಂಡತಿ-ಮಕ್ಕಳ ತಲೆಗೆ ತಿಂಗಳಿಗೆ 100 ರಿಯಾಲ್ ಅಂತ ಶುರುವಾಗಿ ವರ್ಷಕ್ಕೆ ನೂರು ಏರಿ 400ಕ್ಕೆ ನಿಂತಿತು. ಕರಾವಳಿಯ ಎಷ್ಟೋ ಮನೆಯವರು ಸಂಸಾರವನ್ನು ಊರಿಗೆ ಕಳಿಸಿದ್ದು ಆಗಲೇ. ನಮ್ಮ ಮನೆಯವರನ್ನೂ ನಾನು ಕಳಿಸಿದೆ. ಯಾರಿಗೆ ದೂರು ಕೊಡುವುದು ಮಾರಾಯ್ರೆ? ಇದು ಅವರ ದೇಶ, ನಾವು ದುಡಿಯಲು ಬಂದವರು, ಆ ದೂರು ನನಗಿಲ್ಲ. ಆದರೆ ತೆರಿಗೆ ಇಲ್ಲದ ಊರು ಸ್ವರ್ಗ ಅನ್ನುವವರು ಇಲ್ಲಿ ಒಂದು ವರ್ಷ ಇದ್ದು ನೋಡಿ.

ನಿದ್ದೆಗೇಡಿ
ವೀಸಾ ಕಳಿಸಿ, ಬರ್ತೀನಿ 😀

ಐಟಿ_ಕೂಲಿ
ಎಲ್ಲರೂ ನನ್ನ ಮೇಲೆ ಬಿದ್ದಿದ್ದೀರಿ, ಇರಲಿ. ನನ್ನ ಮೂಲ ಪ್ರಶ್ನೆ ಬೇರೆ. ರೇಷನ್, ಬಸ್ಸು ಇವಕ್ಕೆ ದುಡ್ಡು ಬೇಕು, ಒಪ್ಪಿದೆ. ಆದರೆ ನನ್ನ ಹಕ್ಕು ಅಂದರೆ ನನಗೆ ಬೇಕಾಗಿರುವುದು ಮಾತಾಡುವ ಸ್ವಾತಂತ್ರ್ಯ, ನನ್ನ ಆಸ್ತಿ ನನಗೆ, ಅಷ್ಟೇ. ಅದಕ್ಕೆ ಸರ್ಕಾರ ಏನೂ ಖರ್ಚು ಮಾಡಬೇಕಾಗಿಲ್ಲ. ನನ್ನ ತಂಟೆಗೆ ಬರದಿದ್ದರೆ ಸಾಕು.

ಕರಿಕೋಟು
ನಾನು ತಾಲೂಕು ಕೋರ್ಟಿನಲ್ಲಿ ಪ್ರಾಕ್ಟೀಸ್ ಮಾಡುವವನು. ಇದನ್ನು ದಿನಾ ನೋಡುತ್ತೇನೆ, ಹಾಗಾಗಿ ಸ್ವಲ್ಪ ಉದ್ದ ಆಗುತ್ತದೆ.

ನಿಮ್ಮ ಸೈಟಿನಿಂದಲೇ ಶುರು ಮಾಡೋಣ. ತಗೊಂಡಾಗ ಸಬ್‌ರಿಜಿಸ್ಟ್ರಾರ್ ಆಫೀಸಿಗೆ ಹೋಗಿರುತ್ತೀರಿ. 45 ಲಕ್ಷ ಮೀರಿದ್ದಕ್ಕೆ ನೂರಕ್ಕೆ 5 ಮುದ್ರಾಂಕ ಶುಲ್ಕ. ನೋಂದಣಿ ಶುಲ್ಕವನ್ನು 2025ರ ಆಗಸ್ಟ್ 31ರಿಂದ 1ರಿಂದ 2 ಪರ್ಸೆಂಟ್ ಮಾಡಿದ್ದಾರೆ. ಬೈದುಕೊಂಡೇ ಕಟ್ಟಿರುತ್ತೀರಿ. ಅದರಿಂದ ನಿಮಗೆ ಸಿಕ್ಕಿದ್ದು ಏನು? ಈ ಜಾಗ ಇವರದ್ದು ಅಂತ ಇಡೀ ರಾಜ್ಯ ಒಪ್ಪುವ ಒಂದು ದಾಖಲೆ. ನಾಳೆ ಯಾರೋ ಬಂದು ರಾತ್ರೋರಾತ್ರಿ ತಂತಿ ಬೇಲಿ ಹಾಕಿದ ಅಂತಿಟ್ಟುಕೊಳ್ಳಿ. ನೀವು ನನ್ನಂಥವನ ಹತ್ತಿರ ಬರುತ್ತೀರಿ, ನಾನು ತಡೆಯಾಜ್ಞೆಗೆ ಹಾಕುತ್ತೇನೆ. ಜಡ್ಜ್ ಇರಬೇಕು, ಶಿರಸ್ತೇದಾರ್ ಇರಬೇಕು, ಸಮನ್ಸ್ ತಗೊಂಡು ಹೋಗುವ ಅಮೀನ ಇರಬೇಕು. ಆದೇಶ ಬಂದ ಮೇಲೂ ಆತ ಬೇಲಿ ಕೀಳದಿದ್ದರೆ ಪೊಲೀಸ್ ಬೇಕು. ಇವರಲ್ಲಿ ಒಬ್ಬರ ಸಂಬಳವೂ ಆಕಾಶದಿಂದ ಬೀಳಲ್ಲ.

ಇದರಲ್ಲಿ ಒಬ್ಬರು ಇಲ್ಲದಿದ್ದರೆ ಏನಾಗುತ್ತದೆ ಗೊತ್ತಾ? ನನ್ನದೇ ಒಂದು ಕೇಸಿನಲ್ಲಿ ಸಾಕ್ಷಿ ಹೇಳಲು ವಯಸ್ಸಾದ ಒಬ್ಬರು ಎರಡು ಬಸ್ಸು ಬದಲಾಯಿಸಿ ಬಂದು ಕೂತಿದ್ದರು. ಸ್ಟೆನೋ ಹುದ್ದೆ ಖಾಲಿ, ಇರುವ ಒಬ್ಬರು ಇನ್ನೊಂದು ಹಾಲಿಗೆ ಡೆಪ್ಯುಟೇಶನ್. ದಿನಾಂಕ ಮುಂದಕ್ಕೆ ಹೋಯಿತು. ಮುಂದಿನ ದಿನಾಂಕಕ್ಕೆ ಅವರು ಬರುವ ಸ್ಥಿತಿಯಲ್ಲಿ ಇರಲಿಲ್ಲ. ಅವರ ಕಡೆಯವರ ಹಕ್ಕನ್ನು ಯಾರೂ ಕಿತ್ತುಕೊಳ್ಳಲಿಲ್ಲ, ಕಾನೂನೂ ಬದಲಾಗಲಿಲ್ಲ. ಟೈಪ್ ಮಾಡುವವರು ಇರಲಿಲ್ಲ, ಅಷ್ಟೇ.

ಇನ್ನು ಮಾತಾಡುವ ಸ್ವಾತಂತ್ರ್ಯ. ನೀವು ಏನೋ ಬರೆದಿರಿ, ನಾಲ್ಕು ಜನ ಮನೆಗೆ ಕಲ್ಲು ಹೊಡೆಯಲು ಬಂದರು. ಸರ್ಕಾರ ಸುಮ್ಮನಿದ್ದರೆ ನಿಮ್ಮ ಸ್ವಾತಂತ್ರ್ಯ ಉಳಿಯಿತಾ? ಪೊಲೀಸರೇ ಹಿಡಿದುಕೊಂಡು ಹೋಗಿ ಹೊಡೆದರೆ? 2020ರ ಡಿಸೆಂಬರ್‌ನಲ್ಲಿ ಸುಪ್ರೀಂ ಕೋರ್ಟು ದೇಶದ ಎಲ್ಲ ಠಾಣೆಗಳಲ್ಲೂ ಸಿಸಿಟಿವಿ ಹಾಕಿ ಅಂತ ಹೇಳಿದ್ದು ಅದಕ್ಕೇ. ಕ್ಯಾಮೆರಾಗೂ, ಅದರ ರೆಕಾರ್ಡಿಂಗ್ ಇಡುವುದಕ್ಕೂ ದುಡ್ಡು ಬೇಕು. ಸರ್ಕಾರದಿಂದ ನಿಮ್ಮನ್ನು ಕಾಪಾಡುವುದಕ್ಕೂ ಸರ್ಕಾರದ ದುಡ್ಡೇ ಬೇಕು, ಏನು ಮಾಡುವುದು.

ಮಲ್ನಾಡ್_ಅಡಿಕೆ
ಕರಿಕೋಟು ಸಾರ್, ಪೋಡಿ, ಅಂದರೆ ಜಮೀನು ಅಳೆದು ಭಾಗಕ್ಕೊಂದು ನಂಬರ್ ಮಾಡುವುದು, ಅದರ ಬಗ್ಗೆ ಒಂದು ಮಾತು ಸೇರಿಸಿ. ಅಣ್ಣತಮ್ಮ ಭಾಗ ಮಾಡಿಕೊಂಡು ಎಷ್ಟೋ ವರ್ಷ ಆದರೂ ಪಹಣಿಯಲ್ಲಿ ಒಂದೇ ಸರ್ವೆ ನಂಬರ್. ಸರ್ವೆಯರ್ ಸಿಗಲ್ಲ. ಸಿಕ್ಕರೂ ಹಳೇ ಬಾಂದು ಕಲ್ಲು ಸಿಗಲ್ಲ. ಕಾಗದದಲ್ಲಿ ಹಕ್ಕು ಬೇಕಾದಷ್ಟಿದೆ, ಬ್ಯಾಂಕಿನವನು ಸಾಲ ಕೊಡಲ್ಲ.

ಕರಿಕೋಟು
ನಿಜ. ನನ್ನ ಕೇಸುಗಳಲ್ಲಿ ಅರ್ಧಕ್ಕರ್ಧ ಅದೇ. ಸರಿಯಾಗಿ ಅಳೆಯಲು ಜನ ಹಾಕಿದ್ದರೆ ನನ್ನ ಪ್ರಾಕ್ಟೀಸ್ ಅರ್ಧ ಆಗುತ್ತಿತ್ತು. ಹೆಂಡತಿಗೆ ಹೇಳಬೇಡಿ.

ಧಾರವಾಡ_ಫೇಡಾ
ದುಡ್ಡಿದ್ದರೆ ಹಕ್ಕು, ಇಲ್ಲದಿದ್ದರೆ ಇಲ್ಲ ಅನ್ನುವ ಹಾಗಾಯಿತಲ್ಲ ವಕೀಲರೇ. ನಾಳೆ ಪಂಚಾಯ್ತಿಯವರು "ಬೊಕ್ಕಸ ಖಾಲಿ, ಚರಂಡಿ ಇಲ್ಲ, ಹೋಗ್ರೀ" ಅಂದರೆ?

ಕರಿಕೋಟು
ಅನ್ನುವಂತಿಲ್ಲ. ಇದೇ ಚರಂಡಿ ವಿಷಯದಲ್ಲೇ ತೀರ್ಪಿದೆ. ಮಧ್ಯಪ್ರದೇಶದ ರತ್ಲಾಮ್ ಅಂತ ಊರು. ಅಲ್ಲಿ ಒಂದು ಬಡಾವಣೆಯವರು ತೆರೆದ ಚರಂಡಿ, ಗಬ್ಬು ನಾತ, ಹೆಂಡದ ಕಾರ್ಖಾನೆಯ ಹೊಲಸು ನೀರು ಅಂತ ಮ್ಯಾಜಿಸ್ಟ್ರೇಟರ ಹತ್ತಿರ ಹೋದರು. ಆಗಿನ ದಂಡ ಪ್ರಕ್ರಿಯಾ ಸಂಹಿತೆ, ಸಿಆರ್‌ಪಿಸಿ 133ರಲ್ಲಿ ಆದೇಶ ಆಯಿತು. ಪುರಸಭೆಯವರು ನಮ್ಮ ಹತ್ತಿರ ದುಡ್ಡಿಲ್ಲ ಅಂತ ಸುಪ್ರೀಂ ಕೋರ್ಟಿನವರೆಗೂ ಹೋದರು. 1980ರಲ್ಲಿ ಕೃಷ್ಣ ಅಯ್ಯರ್ ಅವರ ಪೀಠ ಆ ನೆಪ ಒಪ್ಪಲಿಲ್ಲ. ಚರಂಡಿ, ಶೌಚಾಲಯ ಕಟ್ಟುವುದು ನಿಮ್ಮ ಕರ್ತವ್ಯ, ದುಡ್ಡಿಲ್ಲ ಅಂತ ಕೈ ಚೆಲ್ಲುವಂತಿಲ್ಲ ಅಂತ ಹೇಳಿತು.

ಆಸ್ಪತ್ರೆ ವಿಷಯದಲ್ಲೂ ಅದೇ. 1992ರಲ್ಲಿ ಕಲ್ಕತ್ತಾ ಕಡೆ ಒಬ್ಬ ಕೂಲಿ ಕಾರ್ಮಿಕ ರೈಲಿನಿಂದ ಬಿದ್ದು ತಲೆಗೆ ಪೆಟ್ಟಾಯಿತು. ಒಂದಾದ ಮೇಲೊಂದು ಸರ್ಕಾರಿ ಆಸ್ಪತ್ರೆ ಬೆಡ್ ಇಲ್ಲ ಅಂತ ವಾಪಸು ಕಳಿಸಿತು. ಕೊನೆಗೆ ಖಾಸಗಿ ಆಸ್ಪತ್ರೆಗೆ ಸೇರಬೇಕಾಯಿತು. 1996ರಲ್ಲಿ ಸುಪ್ರೀಂ ಕೋರ್ಟು 25,000 ರೂಪಾಯಿ ಪರಿಹಾರ ಕೊಡಿಸಿತು. ತುರ್ತು ಚಿಕಿತ್ಸೆ ಬದುಕುವ ಹಕ್ಕಿನ ಭಾಗ, ಹಣ ಇಲ್ಲ ಅನ್ನುವುದು ಉತ್ತರ ಅಲ್ಲ ಅಂತ.

ಹಳೇ_ಪಿಡಿಒ
ವಕೀಲರ ಮೇಲೆ ಗೌರವ ಇಟ್ಟುಕೊಂಡೇ ಹೇಳುತ್ತೇನೆ. ಕೋರ್ಟು ಚರಂಡಿ ಮಾಡಿ ಅನ್ನುತ್ತದೆ, ಸಿಮೆಂಟ್ ಕಳಿಸಲ್ಲ. ಒಂದು ಊರಿನವರು ಆದೇಶ ತಂದರು ಅಂತ ಅಲ್ಲಿ ಮಾಡಿದರೆ ಕೋರ್ಟಿಗೆ ಹೋಗಲು ಗೊತ್ತಿಲ್ಲದ ಹಟ್ಟಿಯ ದುಡ್ಡು ಅಲ್ಲಿಗೆ ಹೋಗುತ್ತದೆ. ನಾನೇ ಅಂಥದ್ದಕ್ಕೆ ಸಹಿ ಹಾಕಿದ್ದೇನೆ. ತೆರಿಗೆ ಬುಟ್ಟಿ ದೊಡ್ಡದಾಗದೆ ಆದೇಶ ಎಷ್ಟು ಬಂದರೂ ಒಂದು ಕಡೆಯಿಂದ ಕಿತ್ತು ಇನ್ನೊಂದು ಕಡೆ ಹಾಕುವುದೇ ಆಗುತ್ತದೆ.

ಕರಿಕೋಟು
ಅದು ಖರೆ. ಆದರೆ ಆದೇಶ ಇಲ್ಲದಿದ್ದರೆ ಆ ದುಡ್ಡು ಹಟ್ಟಿಗೆ ಹೋಗುತ್ತಿತ್ತು ಅಂತ ನಿಮಗೆ ಖಾತ್ರಿ ಇದೆಯಾ? ಅಧ್ಯಕ್ಷರ ಮನೆ ರಸ್ತೆಗೆ ಹೋಗುತ್ತಿರಲಿಲ್ಲವಾ?

ಹಳೇ_ಪಿಡಿಒ
ಆ ಪ್ರಶ್ನೆಗೆ ನಿವೃತ್ತನಾದ ಮೇಲೂ ಉತ್ತರ ಕೊಡಲ್ಲ 🙏

ಟೀಚರಮ್ಮ
ನಾನು ಸರ್ಕಾರಿ ಪ್ರೌಢಶಾಲೆ ಟೀಚರ್. ಶಿಕ್ಷಣದ ಹಕ್ಕು ಸಂವಿಧಾನಕ್ಕೆ ಸೇರಿದ್ದು 2002ರಲ್ಲಿ. ಅದಕ್ಕೆ ಕಾಯ್ದೆ ಬಂದು ಜಾರಿಯಾಗಿದ್ದು 2010ರ ಏಪ್ರಿಲ್ 1ಕ್ಕೆ. ಮಧ್ಯೆ ಏಳೆಂಟು ವರ್ಷ ಆ ಹಕ್ಕು ಎಲ್ಲಿತ್ತು? ಪುಸ್ತಕದಲ್ಲಿ. ಯಾಕೆ ತಡ ಆಯಿತು ಅಂದರೆ ಕೇಂದ್ರ ಎಷ್ಟು ಹಾಕಬೇಕು, ರಾಜ್ಯ ಎಷ್ಟು ಹಾಕಬೇಕು ಅನ್ನುವ ಜಗ್ಗಾಟವೂ ಅದರಲ್ಲಿತ್ತು. ನಮ್ಮ ರಾಜ್ಯ 2019ರಲ್ಲಿ ಹತ್ತಿರ ಸರ್ಕಾರಿ ಶಾಲೆ ಇದ್ದರೆ ಖಾಸಗಿಯಲ್ಲಿ ಆರ್‌ಟಿಇ ಸೀಟಿಲ್ಲ ಅಂತ ನಿಯಮ ಮಾಡಿತಲ್ಲ, ಅದರ ಹಿಂದೆಯೂ ಖಾಸಗಿ ಶಾಲೆಗಳಿಗೆ ಕೊಡುವ ಶುಲ್ಕದ ಲೆಕ್ಕ ಇತ್ತು. ಆ ದುಡ್ಡು ಸರ್ಕಾರಿ ಶಾಲೆಗೆ ಹಾಕಿದರೆ ಒಳ್ಳೆಯದೇ. ಹಾಕಿದರಾ ಅಂತ ಕೇಳಬೇಕು. ನಮ್ಮಲ್ಲಿ ಗಣಿತಕ್ಕೆ ಅತಿಥಿ ಶಿಕ್ಷಕರು, ಅವರ ಗೌರವಧನವೂ ತಿಂಗಳು ತಿಂಗಳು ಬರಲ್ಲ.

ಫ್ರೀ ಬಸ್ಸಿನ ಬಗ್ಗೆ ಐಟಿ_ಕೂಲಿ ಅವರಿಗೆ ಒಂದು ಮಾತು. ಶಕ್ತಿ ಯೋಜನೆ 2023ರ ಜೂನ್‌ನಲ್ಲಿ ಶುರುವಾದ ಮೇಲೆ 500 ಕೋಟಿ ಸಲ ಹೆಂಗಸರು ಓಡಾಡಿದ್ದಾರೆ ಅಂತ ಲೆಕ್ಕ ಬಂತು. ನಮ್ಮ ಹಳೇ ವಿದ್ಯಾರ್ಥಿನಿಯರು ಕೆಲವರು ಈಗ ಪೇಟೆಯ ಡಿಗ್ರಿ ಕಾಲೇಜಿಗೆ ಹೋಗುತ್ತಾರೆ. ಮೊದಲು ಮನೆಯಲ್ಲಿ ಹುಡುಗನ ಪಾಸಿಗೆ ದುಡ್ಡಿರುತ್ತಿತ್ತು, ಹುಡುಗಿಯ ಪಾಸಿಗೆ ಇರುತ್ತಿರಲಿಲ್ಲ. ಎಲ್ಲಿ ಬೇಕಾದರೂ ಓಡಾಡುವ ಹಕ್ಕು ಸಂವಿಧಾನದಲ್ಲಿ ಮೊದಲೇ ಇತ್ತಲ್ಲ!

ಐಟಿ_ಕೂಲಿ
ಟೀಚರಮ್ಮ, ಓದುವ ಹುಡುಗಿಯರಿಗೆ ಬಸ್ಸು ಬೇಡ ಅಂತ ನಾನು ಹೇಳಲಿಲ್ಲ. ನಾನು ಕೇಳುವುದು ಇಷ್ಟೇ. ಐದು ಗ್ಯಾರಂಟಿಗೆ ವರ್ಷಕ್ಕೆ 50,000 ಕೋಟಿಗಿಂತ ಜಾಸ್ತಿ. ಕಾರು ಇರುವ ನನ್ನ ಹೆಂಡತಿಗೂ ಬಸ್ಸು ಫ್ರೀ. ನಿಮ್ಮ ಗಣಿತ ಟೀಚರಿಗೆ ಕಾಯಂ ಸಂಬಳ ಇಲ್ಲ. ಇದು ಯಾವ ನ್ಯಾಯ?

ಟೀಚರಮ್ಮ
ಇದು ಒಳ್ಳೆಯ ಪ್ರಶ್ನೆ. ಓಟು ಕಿತ್ಕೊಳ್ಳಿ ಅನ್ನುವುದಕ್ಕಿಂತ ನೂರು ಪಾಲು ವಾಸಿ.

ಧಾರವಾಡ_ಫೇಡಾ
ನಮ್ಮ ದುಡ್ಡು ಡೆಲ್ಲಿಗೆ ಹೋಗಿ ಎಷ್ಟು ವಾಪಸು ಬರುತ್ತದೆ ಅಂತಲೂ ಕೇಳ್ರೀ. ಕೇಂದ್ರ ರಾಜ್ಯಗಳಿಗೆ ಹಂಚುವ ತೆರಿಗೆಯಲ್ಲಿ 14ನೇ ಹಣಕಾಸು ಆಯೋಗದ ಕಾಲಕ್ಕೆ ನಮ್ಮ ರಾಜ್ಯದ ಪಾಲು 4.713% ಇತ್ತು, 15ನೆಯದರಲ್ಲಿ 3.647%ಕ್ಕೆ ಇಳಿಯಿತು. 2024ರ ಫೆಬ್ರವರಿಯಲ್ಲಿ ಇಡೀ ರಾಜ್ಯ ಸರ್ಕಾರವೇ "ನನ್ನ ತೆರಿಗೆ ನನ್ನ ಹಕ್ಕು" ಅಂತ ಜಂತರ್ ಮಂತರ್‌ನಲ್ಲಿ ಹೋಗಿ ಕೂತಿತ್ತು.

ಲೆಕ್ಕದ_ಮೇಷ್ಟ್ರು
ಆ ಘೋಷಣೆ ನನಗೆ ಅರ್ಧ ಮಾತ್ರ ಹಿಡಿಸಿತು. ಪಾಲು ಕಡಿಮೆ ಆಗಿದ್ದು ಅನ್ಯಾಯ, ಸರಿ. ಆದರೆ ಅದೇ ಮಾತನ್ನು ಬೆಂಗಳೂರಿನವರು ಕಲಬುರಗಿಗೆ ಹೇಳಿದರೆ? ನಮ್ಮ ತೆರಿಗೆ ನಮಗೇ, ಯಾದಗಿರಿಯ ಆಸ್ಪತ್ರೆ ಯಾದಗಿರಿಯ ದುಡ್ಡಿನಲ್ಲಿ ಕಟ್ಟಿಕೊಳ್ಳಲಿ ಅಂದರೆ? ಧಾರವಾಡದವರು ಒಪ್ಪುತ್ತೀರಾ?

ಧಾರವಾಡ_ಫೇಡಾ
ಒಪ್ಪಲ್ಲ ಬಿಡ್ರೀ. ಆದರೆ ಬೆಂಗಳೂರಿನವರು ಅದನ್ನು ಮನಸ್ಸಿನಲ್ಲಿ ಆಗಲೇ ಹೇಳುತ್ತಿದ್ದಾರೆ.

ಜಯನಗರ_ನಾಲ್ಕನೇ_ಬ್ಲಾಕ್
ಮನಸ್ಸಿನಲ್ಲಿ ಅಲ್ಲ, ಬಾಯಿ ಬಿಟ್ಟೇ ಹೇಳುತ್ತಿದ್ದೇವೆ 😀

ಕಿರಾಣಿ_ಅಂಗಡಿ
ತೆರಿಗೆ ಹಾಕುವ ರೀತಿಯ ಬಗ್ಗೆಯೂ ಯಾರಾದರೂ ಮಾತಾಡಿ. 2025ರ ಜುಲೈನಲ್ಲಿ ಯುಪಿಐ ಲೆಕ್ಕ ಹಿಡಿದು ಬೇಕರಿ, ಟೀ ಅಂಗಡಿ, ಕಾಂಡಿಮೆಂಟ್ಸ್‌ನವರಿಗೆಲ್ಲ ನೋಟಿಸ್ ಬಂತಲ್ಲ. ಸರಕಿಗೆ 40 ಲಕ್ಷ, ಸೇವೆಗೆ 20 ಲಕ್ಷ ದಾಟಿದರೆ ರಿಜಿಸ್ಟ್ರೇಶನ್ ಅಂತ ನಿಯಮ ಇದೆ, ಸುಳ್ಳಲ್ಲ. ಆದರೆ ಹಾವೇರಿಯಲ್ಲಿ ತರಕಾರಿ ಮಾರುವವರಿಗೆ 29 ಲಕ್ಷ ಕಟ್ಟಿ ಅಂತ ನೋಟಿಸ್! ತಾಜಾ ತರಕಾರಿಗೆ ಜಿಎಸ್‌ಟಿಯೇ ಇಲ್ಲ. ನಮ್ಮ ಬೀದಿಯಲ್ಲಿ ಒಂದೇ ವಾರದಲ್ಲಿ ಸ್ಕ್ಯಾನರ್ ಕಿತ್ತು "ನೋ ಯುಪಿಐ, ಓನ್ಲಿ ಕ್ಯಾಶ್" ಬೋರ್ಡು. ಅಂಗಡಿ ಬಂದ್ ಮಾಡುತ್ತೇವೆ ಅಂತ ಸಂಘದವರು ಕೂಗಿದ ಮೇಲೆ ಮುಖ್ಯಮಂತ್ರಿಗಳು ಕರೆಸಿ ಮಾತಾಡಿ ಹಳೇ ಬಾಕಿ ಬೇಡ, ರಿಜಿಸ್ಟರ್ ಆಗಿ ಅಂದರು.

ನಾನು ರಿಜಿಸ್ಟರ್ ಆದವನೇ, ಕಟ್ಟುವವನೇ. ಆದರೆ ಕಟ್ಟಲು ಕೇಳುವ ದನಿ ಹೇಗಿರಬೇಕು ಅನ್ನುವುದೂ ಮುಖ್ಯ ಅಲ್ವಾ? ಮೊದಲು ಬಂದು ತಿಳಿಸಿ ಹೇಳಿದ್ದರೆ ಅರ್ಧ ಜನ ತಾವಾಗಿ ಬರುತ್ತಿದ್ದರು.

ಕರಿಕೋಟು
ಇದನ್ನು ಈಸೂರಿನ ಜೊತೆ ಇಟ್ಟು ನೋಡಿ. ಆಗ ಕಂದಾಯ ಬೇಡ ಅಂದ ಊರಿನ ಕಥೆ ನೇಣಿನಲ್ಲಿ ಮುಗಿಯಿತು. ಈಗ ಕೂಗಿದರೆ ಮುಖ್ಯಮಂತ್ರಿಗಳ ಜೊತೆ ಮಾತುಕತೆ. ಸಣ್ಣ ಬದಲಾವಣೆ ಅಲ್ಲ.

ನಿದ್ದೆಗೇಡಿ
ಕೂಗಲು ಸಂಘ ಇರಬೇಕು ವಕೀಲರೇ. ಮಹದೇಶ್ವರ ಬೆಟ್ಟದ ಇಂಡಿಗನತ್ತದವರಿಗೆ ಸಂಘ ಇತ್ತಾ? ರಸ್ತೆ-ನೀರು ಕೊಡಿ ಅಂತ ಎಷ್ಟು ಹೇಳಿದರೂ ಆಗದೆ 2024ರ ಲೋಕಸಭೆಗೆ ಓಟು ಹಾಕಲ್ಲ ಅಂದರು. ಗಲಾಟೆ ಆಗಿ ಮತಗಟ್ಟೆ ಪುಡಿ ಆಯಿತು. ಆಮೇಲೆ ಕೇಸು. ಏಪ್ರಿಲ್ 29ಕ್ಕೆ ಅಲ್ಲೇ ಮರುಮತದಾನ, ಪೊಲೀಸ್ ಬಂದೋಬಸ್ತು, ಅಧಿಕಾರಿಗಳ ಸಾಲು ಜೀಪು. ಓಟಿನ ಪೆಟ್ಟಿಗೆ ತರಲು ದುಡ್ಡೂ ಸಿಕ್ಕಿತು, ದಾರಿಯೂ ಸಿಕ್ಕಿತು ನೋಡಿ.

ಮಲ್ನಾಡ್_ಅಡಿಕೆ
ಮೊದಲ ಸಲ ನೀವು ಒಂದು ಸಾಲಿಗಿಂತ ಜಾಸ್ತಿ ಬರೆದಿದ್ದೀರಿ, ಬರೆದದ್ದು ಮಾತ್ರ ಎದೆಗೆ ತಾಗುವಂತೆ ಇದೆ.

ಟೀಚರಮ್ಮ
ನಾನು ಎಷ್ಟೋ ಚುನಾವಣೆ ಡ್ಯೂಟಿ ಮಾಡಿದ್ದೇನೆ. ನಾಲ್ಕು ಓಟಿಗೂ ಒಂದು ಮತಗಟ್ಟೆ ಹಾಕುವ ದೇಶ ನಮ್ಮದು, ಅದು ಹೆಮ್ಮೆಯ ವಿಷಯವೇ. ಅದಕ್ಕೆ ಬೈಯಬೇಡಿ. ಅಲ್ಲಿಗೆ ಹೋದ ಜೀಪು ವಾಪಸು ಬರುವಾಗ ಜನರ ಅರ್ಜಿಯನ್ನೂ ತರಲಿಲ್ಲ ಅನ್ನುವುದಕ್ಕೆ ಬೈಯಿರಿ.

ಬಯಲುಸೀಮೆ_ಹುಡುಗ
@ಹಳೇ_ಪಿಡಿಒ ಸಾರ್, ನಮ್ಮ ಪಂಚಾಯ್ತಿಯಲ್ಲಿ ಯಾವ ದಾಖಲೆ ಕೇಳಬೇಕು ಅಂತ ಹೇಳಿ. ಆರ್‌ಟಿಐ ಹಾಕಬೇಕಾ?

ಹಳೇ_ಪಿಡಿಒ
10 ರೂಪಾಯಿ ಪೋಸ್ಟಲ್ ಆರ್ಡರ್ ಹಚ್ಚಿ ಆರ್‌ಟಿಐ ಹಾಕಬಹುದು. ಅದಕ್ಕೆ ಮೊದಲು ಸುಮ್ನೆ ಹೋಗಿ ಬೇಡಿಕೆ-ವಸೂಲಿ-ಬಾಕಿ ರಿಜಿಸ್ಟರ್ ಕೇಳಿ, ಡಿಸಿಬಿ ಅಂತಾರೆ. ಅದರಲ್ಲಿ ಯಾರ ಬಾಕಿ ಎಷ್ಟು ಅಂತ ಇರುತ್ತದೆ. ಒಂದು ಗುಟ್ಟು ಹೇಳುತ್ತೇನೆ: ದೊಡ್ಡ ಬಾಕಿ ನಿಮ್ಮ ಬೀದಿಯವರದ್ದು ಇರಲ್ಲ. ಫಾರ್ಮ್‌ಹೌಸು, ಲೇಔಟ್ ಮಾಡಿದವರು, ಕಲ್ಯಾಣ ಮಂಟಪ, ಮೊಬೈಲ್ ಟವರ್, ಇವರ ಹೆಸರು ನೋಡಿ. ಅದನ್ನು ಗ್ರಾಮಸಭೆಯಲ್ಲಿ ಗಟ್ಟಿಯಾಗಿ ಓದಿ. ಜೊತೆಗೆ ಬೋರ್‌ವೆಲ್ ನಿರ್ವಹಣೆಯ ವೋಚರ್‌ಗಳ ನಕಲು ಕೇಳಿ. ಒಂದೇ ಮೋಟರ್ ವರ್ಷದಲ್ಲಿ ಎಷ್ಟು ಸಲ ಸುಟ್ಟಿದೆ ಅಂತ ಎಣಿಸಿ, ನಗು ಬರಬಹುದು.

ಮಲ್ನಾಡ್_ಅಡಿಕೆ
ಟವರ್‌ನವರು ನಿಜಕ್ಕೂ ಕಟ್ಟಲ್ಲ. ನಮ್ಮಲ್ಲೂ ಅದೇ.

ನಿದ್ದೆಗೇಡಿ
ಪಕ್ಕದ ಮನೆ ಮಾವನಿಗೆ ಈ ಕೆಲಸ ಕೊಡಿ. ಜಗಳಕ್ಕೆ ಒಳ್ಳೆ ಮನುಷ್ಯ ಅನ್ನಿಸುತ್ತದೆ.

ಐಟಿ_ಕೂಲಿ
ಓಟಿನ ವಿಷಯದಲ್ಲಿ ನನ್ನ ಅಭಿಪ್ರಾಯ ಬದಲಾಗಿಲ್ಲ, ಇನ್ನೊಂದು ದಿನ ಜಗಳ ಆಡೋಣ. ಈಗ ಇದು ಹೇಳಿ: ಈ ಜಮಾಬಂದಿ ಥರದ್ದು ಬೆಂಗಳೂರಿನಲ್ಲಿ ಏನಿದೆ? ವರ್ಷಕ್ಕೆ ಅಷ್ಟು ಆಸ್ತಿ ತೆರಿಗೆ ಕಟ್ಟುತ್ತೇನೆ, ನನ್ನ ವಾರ್ಡಿನಲ್ಲಿ ಎಷ್ಟು ಖರ್ಚಾಯಿತು ಅಂತ ಯಾರೂ ಹೇಳಿಲ್ಲ.

ಜಯನಗರ_ನಾಲ್ಕನೇ_ಬ್ಲಾಕ್
ವಾರ್ಡ್ ಸಮಿತಿ ಅಂತ ಕಾನೂನಿನಲ್ಲಿ ಇದೆ. ಕಾರ್ಪೊರೇಟರ್ ಅಧ್ಯಕ್ಷರಾಗಿರಬೇಕು. ಕಾರ್ಪೊರೇಟರೇ ಇಲ್ಲದ ವರ್ಷಗಳಲ್ಲಿ ನೋಡಲ್ ಅಧಿಕಾರಿ ಒಬ್ಬರು ಬಂದು ಕೂರುತ್ತಿದ್ದರು, ಕೆಲವು ಕಡೆ ಅವರೂ ಬರುತ್ತಿರಲಿಲ್ಲ. ನಾನು ಹೋದ ಸಭೆಯಲ್ಲಿ ಎಂಟು ಹತ್ತು ಜನ ಇದ್ದೆವು, ಎಲ್ಲರೂ ರಿಟೈರ್ ಆದವರು. ಎಂಜಿನಿಯರ್ ಕಾಮಗಾರಿ ಪಟ್ಟಿ ತಂದಿದ್ದರು. ಒಂದೇ ಫುಟ್‌ಪಾತ್ ಎರಡು ಹೆಸರಿನಲ್ಲಿ ಎರಡು ಕಡೆ ಇತ್ತು. ಕೇಳಿದ್ದಕ್ಕೆ "ಪರಿಶೀಲಿಸುತ್ತೇವೆ" ಅಂದರು. ನೀವು ಯಾವ ವಾರ್ಡು? ಹತ್ತಿರದವರಾದರೆ ಮುಂದಿನ ಸಲ ಬನ್ನಿ, ಲ್ಯಾಪ್‌ಟಾಪ್ ಗೊತ್ತಿರುವವರು ಒಬ್ಬರು ಬೇಕು. ಅವರು ಕೊಡುವ ಪಟ್ಟಿ ಪಿಡಿಎಫ್, ಅದೂ ಓರೆಯಾಗಿ ಸ್ಕ್ಯಾನ್ ಮಾಡಿದ್ದು.